ಮಾರ್ಕ್ವಿಸ್ ವೆಲ್ಲೆಸ್ಲಿ: ಕನ್ನಡ ನಾಡನ್ನು ಹಂಚಿದ ಐರಿಷ್ ಮನೆತನ

ರಿಚರ್ಡ್ ಕಾಲಿ ವೆಲ್ಲೆಸ್ಲಿ (1760–1842) ಐರ್ಲೆಂಡಿನಲ್ಲಿ ನೆಲೆಸಿದ್ದ ಆಂಗ್ಲ ಮೂಲದ ಶ್ರೀಮಂತ ಕುಟುಂಬವೊಂದರಲ್ಲಿ ಹುಟ್ಟಿ, ಬ್ರಿಟನ್ನಿನ ಸಂಸತ್ತಿನಲ್ಲಿ ರಾಜಕಾರಣವನ್ನು ಕಲಿತು, 1798ರಿಂದ 1805ರವರೆಗೆ ಈಸ್ಟ್ ಇಂಡಿಯಾ ಕಂಪೆನಿಯ ಗವರ್ನರ್ ಜನರಲ್ ಆಗಿ ಭಾರತದಲ್ಲಿ ಅಧಿಕಾರ ನಡೆಸಿದ ವ್ಯಕ್ತಿ. ‘ಸಹಾಯಕ ಸೈನ್ಯ ಪದ್ಧತಿ’ಯನ್ನು ವಿವರಿಸಿರಿ ಎಂಬ ಪರೀಕ್ಷೆಯ ಪ್ರಶ್ನೆಯಾಗಿ ನಮ್ಮಲ್ಲಿ ಬಹುತೇಕರು ಈತನನ್ನು ಕಂಠಪಾಠ ಮಾಡಿ, ಪರೀಕ್ಷೆ ಮುಗಿದ ಮರುದಿನ ಮರೆತಿದ್ದೇವೆ. ಆದರೆ ಕನ್ನಡಿಗರು ಇಷ್ಟು ಸುಲಭವಾಗಿ ಮರೆಯಬಹುದಾದ ಹೆಸರು ಇದಲ್ಲ. 1799ರ ಮೇ ತಿಂಗಳಿನಿಂದ ಜುಲೈವರೆಗಿನ ಅಲ್ಪಾವಧಿಯಲ್ಲಿ ಈತನೂ ಈತನ ಇಬ್ಬರು ತಮ್ಮಂದಿರೂ ಸೇರಿ ಟಿಪ್ಪುಸುಲ್ತಾನನ ರಾಜ್ಯವನ್ನು ಹಂಚಿದ ರೀತಿಯು ಕನ್ನಡ ಮಾತನಾಡುವ ಊರುಗಳ ಹಣೆಬರಹವನ್ನು ಮುಂದಿನ 157 ವರ್ಷಗಳ ಕಾಲ ನಿರ್ಧರಿಸಿತು.

ಮುಂಬಯಿಯಲ್ಲಿ ನೆಲೆಸಿರುವ ನಮ್ಮ ಕುಟುಂಬಗಳ ಹಳೆಯ ಕಾಗದಪತ್ರಗಳನ್ನು ತೆರೆದು ನೋಡಿದರೆ ಇದು ಅರ್ಥವಾಗುತ್ತದೆ. ಕುಂದಾಪುರದಲ್ಲಿ ಹುಟ್ಟಿದ ಅಜ್ಜನ ದಾಖಲೆಯಲ್ಲಿ ‘ಮದ್ರಾಸ್ ಇಲಾಖೆ’ ಎಂದಿರುತ್ತದೆ. ಅಲ್ಲಿಂದ ಉತ್ತರಕ್ಕೆ ಒಂದು ದಿನದ ದಾರಿಯ ಭಟ್ಕಳ, ಹೊನ್ನಾವರಗಳಲ್ಲಿ ಹುಟ್ಟಿದ ನೆಂಟರದ್ದು ‘ಮುಂಬಯಿ ಇಲಾಖೆ’. ಘಟ್ಟ ಹತ್ತಿ ತೀರ್ಥಹಳ್ಳಿಗೆ ಹೋದರೆ ಅದು ‘ಮೈಸೂರು ಸಂಸ್ಥಾನ’. ಮಾತು ಒಂದೇ, ಊಟ ಹೆಚ್ಚುಕಡಿಮೆ ಒಂದೇ, ಕೊಟ್ಟು ತರುವ ಸಂಬಂಧಗಳೂ ಒಂದೇ. ಸರಕಾರ ಮಾತ್ರ ಮೂರು. ಈ ಮೂರು ಸರಕಾರಗಳ ಗಡಿಗಳು ಒಂದೇ ದಿನ ಮೂಡಿದವಲ್ಲ. ಆದರೆ ಕರಾವಳಿಗೂ ಘಟ್ಟದ ಮೇಲಣ ಮೈಸೂರಿಗೂ ನಡುವಿನ ಮೊದಲ ಗೆರೆಯನ್ನು ಎಳೆದವರು ವೆಲ್ಲೆಸ್ಲಿ ಸಹೋದರರು.

ಈ ಮನೆತನದ ಹೆಸರಿಗೇ ಒಂದು ಕಥೆಯಿದೆ. ಇವರ ಮೂಲ ಹೆಸರು ಕಾಲಿ. ಇಂಗ್ಲೆಂಡಿನಿಂದ ಐರ್ಲೆಂಡಿಗೆ ಹೋಗಿ ಭೂಮಿ, ಅಧಿಕಾರ ಸಂಪಾದಿಸಿ ನೆಲೆನಿಂತ ಪ್ರಾಟೆಸ್ಟೆಂಟ್ ಕುಟುಂಬಗಳ ಪೈಕಿ ಇದೂ ಒಂದು. ಗ್ಯಾರೆಟ್ ವೆಸ್ಲಿ ಎಂಬ ಮಕ್ಕಳಿಲ್ಲದ ಸಿರಿವಂತ ಬಂಧುವಿನ ಆಸ್ತಿ 1728ರಲ್ಲಿ ರಿಚರ್ಡ್ ಕಾಲಿ ಎಂಬಾತನಿಗೆ ಬಂದಾಗ, ಆತ ಆಸ್ತಿಯೊಡನೆ ‘ವೆಸ್ಲಿ’ ಎಂಬ ಹೆಸರನ್ನೂ ಸ್ವೀಕರಿಸಿದ. ಈತನೇ ನಮ್ಮ ಗವರ್ನರ್ ಜನರಲ್‌ನ ಅಜ್ಜ. ಆ ಸಿರಿವಂತ ಬಂಧು ಮೊದಲು ದತ್ತು ಕೇಳಿದ್ದು ಮೆಥಡಿಸ್ಟ್ ಪಂಥದ ಸ್ಥಾಪಕ ಜಾನ್ ವೆಸ್ಲಿಯ ತಮ್ಮ ಚಾರ್ಲ್ಸ್‌ನನ್ನು, ಆತ ಒಪ್ಪದ ಕಾರಣ ಆಸ್ತಿ ಕಾಲಿಗಳ ಪಾಲಾಯಿತು ಎಂಬ ಐತಿಹ್ಯವುಂಟು. ಮೈಸೂರಿನಲ್ಲಿ ಮುದ್ರಣಾಲಯ ತೆರೆದು ‘ವೃತ್ತಾಂತ ಪತ್ರಿಕೆ’ಯನ್ನು ಹೊರತಂದ ವೆಸ್ಲಿಯನ್ ಮಿಷನ್ನಿನವರು ಆ ಜಾನ್ ವೆಸ್ಲಿಯ ಅನುಯಾಯಿಗಳು. ಒಂದೇ ಹೆಸರಿನ ಎರಡು ಕವಲುಗಳು ಕನ್ನಡ ನಾಡಿಗೆ ಬಂದು ತಲುಪಿದ್ದು ಹೀಗೆ: ಒಂದು ಫಿರಂಗಿಯೊಡನೆ, ಇನ್ನೊಂದು ಅಚ್ಚಿನ ಮೊಳೆಯೊಡನೆ. ‘ವೆಸ್ಲಿ’ಯನ್ನು ‘ವೆಲ್ಲೆಸ್ಲಿ’ ಎಂದು ಹಳೆಯ ಕಾಗುಣಿತಕ್ಕೆ ತಿರುಗಿಸಿದವನು ರಿಚರ್ಡ್‌ನೇ. ಅಣ್ಣ ಹೇಳಿದಂತೆ ತಮ್ಮಂದಿರೂ ಬದಲಾಯಿಸಿಕೊಂಡರು.

ರಿಚರ್ಡ್‌ನ ತಂದೆ, ಮಾರ್ನಿಂಗ್ಟನ್‌ನ ಮೊದಲ ಅರ್ಲ್ ಆದ ಗ್ಯಾರೆಟ್ ವೆಸ್ಲಿ, ಸ್ವಭಾವತಃ ಸಂಗೀತಗಾರ; ಡಬ್ಲಿನ್ನಿನ ಟ್ರಿನಿಟಿ ಕಾಲೇಜಿನ ಮೊದಲ ಸಂಗೀತ ಪ್ರಾಧ್ಯಾಪಕ. ವಾದ್ಯಗಳ ಮೇಲಿದ್ದ ಹಿಡಿತ ಆತನಿಗೆ ಲೆಕ್ಕಪುಸ್ತಕದ ಮೇಲಿರಲಿಲ್ಲ. 1781ರಲ್ಲಿ ಆತ ತೀರಿಕೊಂಡಾಗ ಹಿರಿಯ ಮಗನಿಗೆ ದೊರೆತದ್ದು ಒಂದು ಬಿರುದು ಮತ್ತು ಬೆಟ್ಟದಷ್ಟು ಸಾಲ. ಇಪ್ಪತ್ತೊಂದು ವರ್ಷದ ರಿಚರ್ಡ್ ಆಕ್ಸ್‌ಫರ್ಡ್‌ನಲ್ಲಿ ಪದವಿ ಪಡೆಯದೆಯೇ ಓದು ಬಿಟ್ಟು ಬಂದು, ತಂದೆಯ ಸಾಲದ ಹೊಣೆಯನ್ನು ತಾನೇ ಹೊತ್ತ. ತಮ್ಮಂದಿರ ವಿದ್ಯಾಭ್ಯಾಸ, ತಂಗಿಯ ಪಾಲನೆ, ತಾಯಿಯ ಜೀವನಾಂಶ ಎಲ್ಲವೂ ಅವನ ಹೆಗಲಿಗೆ ಬಂದವು. ಮೀತ್ ಪ್ರಾಂತದಲ್ಲಿದ್ದ ಡಾಂಗನ್ ಎಂಬ ಮನೆತನದ ಭವನವನ್ನು ಭಾರತಕ್ಕೆ ಬರುವ ಮುನ್ನವೇ ಮಾರಬೇಕಾಯಿತು. ಸಾಲದ ಕಾಗದಗಳ ನಡುವೆಯೇ ವೃತ್ತಿಜೀವನ ಕಳೆದಿರುವ ನನಗೆ ಈತನ ಚರಿತ್ರೆಯಲ್ಲಿ ಅತ್ಯಂತ ಮೆಚ್ಚುಗೆಯಾಗುವ ಭಾಗವಿದು. ಅವಿಭಕ್ತ ಕುಟುಂಬದ ಯಜಮಾನಿಕೆ ಎಂದು ನಾವು ಯಾವುದನ್ನು ಕರೆಯುತ್ತೇವೆಯೋ ಅದನ್ನು ಈ ಐರಿಷ್ ಯುವಕ ಚಾಚೂ ತಪ್ಪದೆ ನಡೆಸಿದ.

ತಾಯಿ ಆ್ಯನ್, ಡಂಗ್ಯಾನನ್ ಪ್ರಭುವಿನ ಮಗಳು. ಆಕೆ 1831ರವರೆಗೆ ಬದುಕಿ, ತನ್ನ ಗಂಡುಮಕ್ಕಳಲ್ಲಿ ನಾಲ್ವರು ಬ್ರಿಟನ್ನಿನ ಪ್ರಭುಸಭೆಯಲ್ಲಿ ಕುಳಿತುದನ್ನು ಕಂಡಳು. ಹಿರಿಯ ರಿಚರ್ಡ್, ಅನಂತರ ವಿಲಿಯಂ, ಆಮೇಲೆ ವಾಟರ್ಲೂ ಯುದ್ಧದಲ್ಲಿ ನೆಪೋಲಿಯನ್ನನನ್ನು ಸೋಲಿಸಿ ವೆಲಿಂಗ್ಟನ್ನಿನ ಡ್ಯೂಕ್ ಎಂದು ಹೆಸರಾದ ಆರ್ಥರ್, ಕೊನೆಯವನಾಗಿ ರಾಯಭಾರಿಯಾಗಿ ಕೀರ್ತಿ ಪಡೆದ ಹೆನ್ರಿ. ಮಧ್ಯದ ಜೆರಾಲ್ಡ್ ಪಾದ್ರಿಯಾದ. ನಮ್ಮ ಕಥೆಗೆ ಬೇಕಾದವರು ರಿಚರ್ಡ್, ಆರ್ಥರ್ ಮತ್ತು ಹೆನ್ರಿ.

ರಿಚರ್ಡ್ ಮೊದಲು ಐರ್ಲೆಂಡಿನ ಸಂಸತ್ತಿನಲ್ಲಿ, 1784ರಿಂದ ಇಂಗ್ಲೆಂಡಿನ ಕಾಮನ್ಸ್ ಸಭೆಯಲ್ಲಿ ಸದಸ್ಯನಾಗಿದ್ದ. ಪ್ರಧಾನಿ ಪಿಟ್‌ನ ಆಪ್ತವಲಯಕ್ಕೆ ಸೇರಿದವನಾಗಿ ಮೊದಲು ಖಜಾನೆಯಲ್ಲಿ, 1793ರಿಂದ ಭಾರತದ ವ್ಯವಹಾರಗಳನ್ನು ನೋಡಿಕೊಳ್ಳುತ್ತಿದ್ದ ನಿಯಂತ್ರಣ ಮಂಡಳಿಯಲ್ಲಿ ಕೆಲಸ ಮಾಡಿದ. ಅಂದರೆ ಭಾರತವನ್ನು ಕಣ್ಣಿಂದ ಕಾಣುವ ಮೊದಲೇ ಕಡತಗಳ ಮೂಲಕ ಬಲ್ಲವನಾಗಿದ್ದ. 1798ರ ಮೇ ತಿಂಗಳಲ್ಲಿ ಕಲ್ಕತ್ತೆಗೆ ಬಂದಿಳಿದಾಗ ಜೊತೆಯಲ್ಲಿ ಖಾಸಗಿ ಕಾರ್ಯದರ್ಶಿಯಾಗಿ ತಮ್ಮ ಹೆನ್ರಿ ಇದ್ದ. ಇನ್ನೊಬ್ಬ ತಮ್ಮ ಆರ್ಥರ್ ತನ್ನ ಕಾಲಾಳು ದಳದೊಡನೆ ಹಿಂದಿನ ವರ್ಷವೇ ಬಂದು ಕಾದಿದ್ದ.

ಇತ್ತ ಶ್ರೀರಂಗಪಟ್ಟಣದಲ್ಲಿ ಟಿಪ್ಪುಸುಲ್ತಾನ್ 1792ರ ಸೋಲಿನಲ್ಲಿ ಅರ್ಧ ರಾಜ್ಯವನ್ನು ಕಳೆದುಕೊಂಡು, ಮರಳಿ ತಲೆಯೆತ್ತುವ ಪ್ರಯತ್ನದಲ್ಲಿದ್ದ. ಫ್ರೆಂಚರ ಅಧೀನದಲ್ಲಿದ್ದ ಮಾರಿಷಸ್ ದ್ವೀಪಕ್ಕೆ ಆತ ಕಳುಹಿಸಿದ ದೂತರನ್ನು ಅಲ್ಲಿಯ ಗವರ್ನರ್ ಮಲಾರ್ತಿಕ್ ಗುಟ್ಟಾಗಿಡುವ ಬದಲು, ಸ್ವಯಂಸೇವಕರು ಬೇಕೆಂದು 1798ರ ಜನವರಿಯಲ್ಲಿ ಬಹಿರಂಗ ಪ್ರಕಟಣೆಯನ್ನೇ ಹೊರಡಿಸಿಬಿಟ್ಟ. ಬಂದ ನೆರವು ನೂರರ ಆಸುಪಾಸಿನ ಜನ. ಬಂದ ಅಪಾಯವೋ ಇಡೀ ರಾಜ್ಯವನ್ನೇ ನುಂಗುವಂಥದ್ದು. ಆ ಪ್ರಕಟಣೆಯ ಪ್ರತಿ ಕಲ್ಕತ್ತೆಗೆ ತಲುಪಿದ ದಿನದಿಂದಲೇ ವೆಲ್ಲೆಸ್ಲಿ ಯುದ್ಧದ ಸಿದ್ಧತೆಗೆ ತೊಡಗಿದ. ಹೈದರಾಬಾದಿನ ನಿಜಾಮನನ್ನು ಸೆಪ್ಟೆಂಬರ್ 1ರ ಒಪ್ಪಂದದಿಂದ ತನ್ನ ಕಡೆಗೆ ಕಟ್ಟಿಕೊಂಡ. ಅಲ್ಲಿದ್ದ ಫ್ರೆಂಚ್ ಅಧಿಕಾರಿಗಳ ದಳವನ್ನು ವಿಸರ್ಜಿಸಿದ. ವರ್ಷಾಂತ್ಯಕ್ಕೆ ತಾನೇ ಮದ್ರಾಸಿಗೆ ಬಂದು ಕುಳಿತ. 1799ರ ಮೇ 4ರಂದು ಶ್ರೀರಂಗಪಟ್ಟಣ ಬಿತ್ತು, ಕೋಟೆಯ ಬಾಗಿಲಿನಲ್ಲಿ ಹೋರಾಡುತ್ತ ಟಿಪ್ಪು ಮಡಿದ. ಈ ಯುದ್ಧದ ವಿವರಗಳು ನಮ್ಮ ಓದುಗರಿಗೆ ಲಾವಣಿ, ನಾಟಕ, ಪಾಠಗಳ ಮೂಲಕ ಗೊತ್ತೇ ಇರುವುದರಿಂದ ಇಲ್ಲಿ ವಿಸ್ತರಿಸುವುದಿಲ್ಲ. ಯುದ್ಧಕ್ಕಿಂತ ಅದರ ಮರುದಿನದಿಂದ ನಡೆದ ಲೆಕ್ಕಾಚಾರ ಹೆಚ್ಚು ಗಮನಾರ್ಹವಾದುದು.

ಕೋಟೆಯ ಬಿರುಕಿನೊಳಗೆ ನುಗ್ಗಿ ಅದನ್ನು ಗೆದ್ದುಕೊಟ್ಟವನು ಜನರಲ್ ಬೇರ್ಡ್. ಹಿಂದೆ ಹೈದರನ ಕಾಲದಲ್ಲಿ ಅದೇ ಊರಿನಲ್ಲಿ ಮೂರುವರೆ ವರ್ಷಕ್ಕೂ ಮೀರಿ ಸೆರೆಯಲ್ಲಿದ್ದವನು. ಆದರೆ ಊರಿನ ಅಧಿಕಾರ ದೊರೆತದ್ದು ಆತನಿಗಿಂತ ಕೆಳದರ್ಜೆಯ ಕರ್ನಲ್ ಆರ್ಥರ್ ವೆಲ್ಲೆಸ್ಲಿಗೆ. ಗವರ್ನರ್ ಜನರಲ್‌ನ ತಮ್ಮನೆಂಬ ಕಾರಣಕ್ಕೆ ಹೀಗಾಯಿತೆಂದು ಬೇರ್ಡ್ ಕಡೆಯವರೆಗೂ ಕುದಿದ. ಆರ್ಥರ್ ಸಮರ್ಥನಾಗಿದ್ದ ಎಂಬುದು ಮುಂದೆ ಸಿದ್ಧವಾಯಿತು, ನಿಜ. ಆದರೂ ಬೇರ್ಡ್‌ನ ದೂರಿನಲ್ಲಿ ಹುರುಳಿಲ್ಲವೆನ್ನಲಾಗದು.

ಗೆದ್ದ ರಾಜ್ಯವನ್ನು ಏನು ಮಾಡಬೇಕೆಂದು ನಿರ್ಧರಿಸಲು ಐವರ ಮೈಸೂರು ಆಯೋಗ ನೇಮಕವಾಯಿತು: ಸೇನಾಪತಿ ಹ್ಯಾರಿಸ್, ಆರ್ಥರ್ ವೆಲ್ಲೆಸ್ಲಿ, ಹೆನ್ರಿ ವೆಲ್ಲೆಸ್ಲಿ, ವಿಲಿಯಂ ಕರ್ಕ್‌ಪ್ಯಾಟ್ರಿಕ್ ಮತ್ತು ಬ್ಯಾರಿ ಕ್ಲೋಸ್. ಕಾರ್ಯದರ್ಶಿಗಳಾಗಿ ಜಾನ್ ಮಾಲ್ಕಂ ಮತ್ತು ಥಾಮಸ್ ಮನ್ರೋ. ಐವರಲ್ಲಿ ಇಬ್ಬರು ಗವರ್ನರ್ ಜನರಲ್‌ನ ಸ್ವಂತ ತಮ್ಮಂದಿರು. ಅವರಿಗೆ ಸೂಚನೆ ಕಳುಹಿಸುತ್ತಿದ್ದವನು ಮದ್ರಾಸಿನಲ್ಲಿ ಕುಳಿತ ಅಣ್ಣ. ಇಂದಿನ ಯಾವ ಸಹಕಾರಿ ಸಂಘದ ಆಡಿಟರನೂ ಇಂಥ ಸಮಿತಿಯನ್ನು ಒಪ್ಪಲಾರ.

1799ರ ಜೂನ್ 22ರ ಹಂಚಿಕೆಯ ಒಪ್ಪಂದದಂತೆ ಕಂಪೆನಿಯು ತನಗಾಗಿ ಕೆನರಾ ಜಿಲ್ಲೆಯನ್ನೂ ವಯನಾಡು, ಕೊಯಮತ್ತೂರು ಪ್ರದೇಶಗಳನ್ನೂ ಶ್ರೀರಂಗಪಟ್ಟಣದ ದ್ವೀಪವನ್ನೂ ಇಟ್ಟುಕೊಂಡಿತು. ಕೆನರಾ ಎಂದರೆ ಅಂದು ಕಾಸರಗೋಡಿನಿಂದ ಕಾರವಾರದವರೆಗಿನ ಇಡೀ ಕರಾವಳಿ. ಟಿಪ್ಪುವಿನ ಉತ್ತರಾಧಿಕಾರಿಗಳ ಕೈಗೆ ಸಮುದ್ರ ಸಿಗಬಾರದು, ಸಮುದ್ರದ ಮೂಲಕ ಫ್ರೆಂಚರು ಬರಬಾರದು ಎಂಬುದು ಇದರ ಹಿಂದಿನ ಉದ್ದೇಶ. ಇಕ್ಕೇರಿಯ ನಾಯಕರ ಕಾಲದಿಂದ ಘಟ್ಟದ ಮೇಲೂ ಕೆಳಗೂ ಒಂದೇ ಆಡಳಿತವನ್ನು ಕಂಡಿದ್ದ ನಾಡು ಹೀಗೆ ಘಟ್ಟದ ಸಾಲಿನಲ್ಲಿ ಎರಡಾಯಿತು. ಮಂಗಳೂರು ಬಂದರು ಮೈಸೂರಿಗೆ ಪರದೇಶವಾಯಿತು. ಕೊಯಮತ್ತೂರಿನ ಜೊತೆ ಕೊಳ್ಳೇಗಾಲವೂ ಕಂಪೆನಿಗೆ ಹೋಯಿತು.

ನಿಜಾಮನಿಗೂ ಒಂದು ಪಾಲು ದೊರೆಯಿತು. ಪೇಶ್ವೆಗೆಂದು ಹರಪನಹಳ್ಳಿ, ಆನೆಗೊಂದಿ, ಸೋಂದೆ ಮುಂತಾದವುಗಳನ್ನು ತೆಗೆದಿರಿಸಲಾಗಿತ್ತು. ಅವುಗಳ ಜೊತೆಗೆ ಬಂದ ಷರತ್ತುಗಳಿಗೆ ಪೇಶ್ವೆ ಒಪ್ಪದಿದ್ದುದರಿಂದ ಅವನ್ನೂ ಕಂಪೆನಿ ಮತ್ತು ನಿಜಾಮ ಹಂಚಿಕೊಂಡರು. ಸೋಂದೆ ಕೆನರಾಕ್ಕೆ ಸೇರಿದ್ದು ಹೀಗೆ. ಮರುವರ್ಷವೇ, 1800ರ ಅಕ್ಟೋಬರಿನಲ್ಲಿ, ಕಂಪೆನಿಯ ಸೈನ್ಯದ ಖರ್ಚಿಗಾಗಿ ನಿಜಾಮನು ಮೈಸೂರಿನಿಂದ ತನಗೆ ಬಂದಿದ್ದ ಪ್ರದೇಶಗಳನ್ನು ಕಂಪೆನಿಗೇ ಬಿಟ್ಟುಕೊಟ್ಟ. ಬಳ್ಳಾರಿ ಮದ್ರಾಸಿಗೆ ಸೇರಿದ ಬಗೆ ಇದು. ಸಹಾಯಕ ಸೈನ್ಯ ಪದ್ಧತಿಯ ಒಳಗುಟ್ಟೂ ಇದೇ: ಮೊದಲು ರಕ್ಷಣೆಯೆಂದು ಸೈನ್ಯವನ್ನು ಇರಿಸುವುದು, ಅನಂತರ ಅದರ ಖರ್ಚು ಕೇಳುವುದು, ಖರ್ಚು ಕೊಡಲಾಗದಿದ್ದಾಗ ಅಥವಾ ಕೊಡಲಾಗದೆಂಬ ಅನುಮಾನ ಬಂದಾಗ ಭೂಮಿ ಕೇಳುವುದು. ಒತ್ತೆಯಿಟ್ಟ ಆಸ್ತಿಯನ್ನು ಸಾಲಗಾರ ಕಂತು ತಪ್ಪುವ ಮೊದಲೇ ಸ್ವಾಧೀನಪಡಿಸಿಕೊಳ್ಳುವ ಕರಾರು ಎಂದರೆ ಹೆಚ್ಚು ಸ್ಪಷ್ಟವಾದೀತು.

ಉಳಿದ ಮೈಸೂರಿನ ಪಟ್ಟಕ್ಕೆ ಹಿಂದಿನ ಒಡೆಯರ ವಂಶದ ಐದು ವರ್ಷದ ಬಾಲಕ ಮುಮ್ಮಡಿ ಕೃಷ್ಣರಾಜನನ್ನು ಜೂನ್ 30ರಂದು ಕೂಡಿಸಲಾಯಿತು. ಮೂವತ್ತೆಂಟು ವರ್ಷಗಳಿಂದ ಈ ದಿನಕ್ಕಾಗಿ ಕಾದು, ಕಂಪೆನಿಯೊಡನೆ ಗುಪ್ತ ಸಂಧಾನಗಳನ್ನು ನಡೆಸಿದ್ದ ರಾಣಿ ಲಕ್ಷ್ಮಮ್ಮಣ್ಣಿಯವರ ಪಾಲಿಗೆ ಅದು ಧನ್ಯತೆಯ ದಿನ. ಟಿಪ್ಪುವಿನ ಬಳಿಯೇ ಮಂತ್ರಿಯಾಗಿದ್ದ ಪೂರ್ಣಯ್ಯನವರು ದಿವಾನರಾದರು. ಜುಲೈ 8ರ ಸಹಾಯಕ ಒಪ್ಪಂದದಂತೆ ಮೈಸೂರು ವರ್ಷಕ್ಕೆ 7 ಲಕ್ಷ ವರಹಗಳನ್ನು ಕಂಪೆನಿಗೆ ತೆರಬೇಕಾಯಿತು. ರೂಪಾಯಿ ಲೆಕ್ಕದಲ್ಲಿ ಇಪ್ಪತ್ತನಾಲ್ಕೂವರೆ ಲಕ್ಷ. ಆಡಳಿತ ಕೆಟ್ಟು ಈ ಹಣಕ್ಕೆ ಸಂಚಕಾರ ಬರುವಂತಾದರೆ ಗವರ್ನರ್ ಜನರಲ್ ರಾಜ್ಯವನ್ನು ತನ್ನ ವಶಕ್ಕೆ ತೆಗೆದುಕೊಳ್ಳಬಹುದು ಎಂಬ ಕಲಮು ಅದರಲ್ಲಿತ್ತು. ಈ ಕಲಮಿನ ವಿಷಯಕ್ಕೆ ಮುಂದೆ ಮರಳೋಣ.

ಆರ್ಥರ್ ವೆಲ್ಲೆಸ್ಲಿ ಶ್ರೀರಂಗಪಟ್ಟಣದಲ್ಲಿದ್ದು ದರಿಯಾ ದೌಲತ್ತಿನಲ್ಲಿ ವಾಸಮಾಡಿದ. ಮೈಸೂರಿನಲ್ಲಿ ಆತನ ಹೆಸರು ಹೊತ್ತ ವೆಲಿಂಗ್ಟನ್ ಭವನ ಈಗಲೂ ಇದ್ದು, ಮಾನವ ಸಂಗ್ರಹಾಲಯವಾಗಿದೆ. ಚನ್ನಗಿರಿಯ ಧೋಂಡಿಯಾ ವಾಘ್, ಟಿಪ್ಪುವಿನ ಸೆರೆಯಿಂದ ಬಿಡುಗಡೆಗೊಂಡು ಸಾವಿರಾರು ಸವಾರರನ್ನು ಕೂಡಿಹಾಕಿ ‘ಉಭಯ ಲೋಕಾಧೀಶ್ವರ’ನೆಂದು ಹೇಳಿಕೊಂಡು ತಿರುಗುತ್ತಿದ್ದಾಗ, ಆತನನ್ನು ತುಂಗಭದ್ರೆ, ಮಲಪ್ರಭೆಗಳ ಆಚೆಗೆಲ್ಲ ಬೆನ್ನಟ್ಟಿ 1800ರ ಸೆಪ್ಟೆಂಬರ್ 10ರಂದು ಕೊಂದವನು ಆರ್ಥರ್. ಆದರೆ ಆ ಶತ್ರುವಿನ ಎಳೆಯ ಮಗ ಸಲಾಬತ್ ಖಾನ್ ಸಾಮಾನುಗಳ ನಡುವೆ ಸಿಕ್ಕಾಗ ಅವನನ್ನು ತನ್ನ ಡೇರೆಗೆ ಕರೆಸಿ ಸಾಕಿದ. ಭಾರತವನ್ನು ಬಿಡುವಾಗ ಅವನ ಪಾಲನೆಗೆ ಹಣವನ್ನೂ ಇಟ್ಟುಹೋದ.

ಅಣ್ಣ ರಿಚರ್ಡ್‌ನ ಅತೃಪ್ತಿಯ ಮಾತೇ ಬೇರೆ. ಶ್ರೀರಂಗಪಟ್ಟಣದ ಕೊಳ್ಳೆಯಿಂದ ಒಂದು ಲಕ್ಷ ಪೌಂಡನ್ನು ಆತನಿಗೆ ಕೊಡಲು ಬಂದಾಗ, ಅದು ಸೈನಿಕರ ಪಾಲೆಂದು ನಿರಾಕರಿಸಿದ. ಸಾಲದಲ್ಲಿ ಬೆಳೆದವನು ಇಷ್ಟು ದೊಡ್ಡ ಮೊತ್ತವನ್ನು ಬೇಡವೆಂದದ್ದು ಸಣ್ಣ ಸಂಗತಿಯಲ್ಲ. ಆದರೆ ಹಣಕ್ಕೆ ಬಾರದ ಆಸೆ ಬಿರುದಿಗೆ ಬಂದಿತು. ದೊರೆ ಆತನನ್ನು ಮಾರ್ಕ್ವಿಸ್ ಮಾಡಿದ, ಆದರೆ ಇಂಗ್ಲೆಂಡಿನ ಪಟ್ಟಿಯಲ್ಲಲ್ಲ, ಐರ್ಲೆಂಡಿನ ಪಟ್ಟಿಯಲ್ಲಿ. ಇದು ಚಿನ್ನದ ನೀರು ಹಾಯಿಸಿದ ಆಲೂಗಡ್ಡೆ ಎಂದು ಆತ ಕಹಿಯಾಗಿ ಗೇಲಿ ಮಾಡಿದ. ಐರ್ಲೆಂಡಿನಲ್ಲಿ ಹುಟ್ಟಿ, ಅಲ್ಲಿಯ ಬಿರುದನ್ನೇ ಕೀಳೆಂದು ಬಗೆಯುವ ಈ ಮನಃಸ್ಥಿತಿ ಆ ವರ್ಗದ ಸಂಕಟ: ಡಬ್ಲಿನ್ನಿನಲ್ಲಿ ಅವರು ಇಂಗ್ಲಿಷರು, ಲಂಡನ್ನಿನಲ್ಲಿ ಐರಿಷರು. ಹೊರನಾಡಿನಲ್ಲಿ ಮೂರು ತಲೆಮಾರು ಕಳೆದ ನಮಗೆ ಇದು ಅಷ್ಟೇನೂ ಅಪರಿಚಿತ ಭಾವನೆಯಲ್ಲ.

ವಿದ್ಯೆಯ ಕ್ಷೇತ್ರದಲ್ಲಿ ಈತನ ಕೆಲಸ ಬೇರೊಂದು ಬಗೆಯದು. ಕಂಪೆನಿಯ ಎಳೆಯ ನೌಕರರು ಇಲ್ಲಿಯ ಭಾಷೆಗಳನ್ನು ಕಲಿಯಲೆಂದು 1800ರಲ್ಲಿ ಕಲ್ಕತ್ತೆಯಲ್ಲಿ ಫೋರ್ಟ್ ವಿಲಿಯಂ ಕಾಲೇಜನ್ನು ಸ್ಥಾಪಿಸಿದ. ಜುಲೈಯಲ್ಲಿ ಹೊರಬಿದ್ದ ಆ ಕಾನೂನಿಗೆ ಬೇಕೆಂದೇ ಮೇ 4ರ ತಾರೀಖನ್ನು ನಮೂದಿಸಿದ. ಶ್ರೀರಂಗಪಟ್ಟಣ ಬಿದ್ದ ದಿನದ ಮೊದಲ ವಾರ್ಷಿಕವದು. ಟಿಪ್ಪುವಿನ ಗ್ರಂಥಭಂಡಾರದ ಪುಸ್ತಕಗಳಲ್ಲಿ ಹಲವು ಅದೇ ಕಾಲೇಜಿಗೆ ಹೋದವು. ಅಲ್ಲಿ ಬೋಧಿಸುತ್ತಿದ್ದ ವಿಲಿಯಂ ಕೇರಿ 1817ರಲ್ಲಿ ಸೆರಾಂಪುರದಿಂದ ಕನ್ನಡ ವ್ಯಾಕರಣವೊಂದನ್ನು ಅಚ್ಚುಮಾಡಿಸಿದನೆಂಬುದು ಕನ್ನಡಿಗರಿಗೆ ನೆನಪಿರಬೇಕು. ಹೊಸದಾಗಿ ಗೆದ್ದ ನಾಡನ್ನು ಅರಿಯಲೆಂದು ಫ್ರಾನ್ಸಿಸ್ ಬುಕಾನನ್‌ನನ್ನು 1800ರಲ್ಲಿ ಮದ್ರಾಸಿನಿಂದ ಮೈಸೂರು, ಕೆನರಾ, ಮಲಬಾರುಗಳ ಪ್ರವಾಸಕ್ಕೆ ಕಳುಹಿಸಿದವನೂ ವೆಲ್ಲೆಸ್ಲಿಯೇ. 1807ರಲ್ಲಿ ಮೂರು ಸಂಪುಟಗಳಾಗಿ ಹೊರಬಂದ ಆ ಪ್ರವಾಸಕಥನದಲ್ಲಿ ನಮ್ಮ ಊರುಗಳ ಬೆಳೆ, ನೇಯ್ಗೆ, ಕಬ್ಬಿಣದ ಕುಲುಮೆ, ಜಾತಿಗಳ ಆಚಾರ, ಮಣ್ಣಿನ ಬಣ್ಣ ಕೂಡ ದಾಖಲಾಗಿದೆ. ಇದೇ ಸುಮಾರಿಗೆ ಕಾಲಿನ್ ಮೆಕೆಂಜಿಯ ಮೈಸೂರು ಸರ್ವೇಕ್ಷಣೆ ಆರಂಭವಾಯಿತು. ಆತನೂ ಆತನ ಭಾರತೀಯ ಸಹಾಯಕರೂ ಹಳ್ಳಿಹಳ್ಳಿಯಿಂದ ಕೂಡಿಸಿದ ಕೈಫಿಯತ್ತುಗಳು ಇಂದಿಗೂ ಕನ್ನಡ ಸಂಶೋಧಕರಿಗೆ ಗಣಿಯಾಗಿವೆ. ಇವರನ್ನು ಕಳುಹಿಸಿದ್ದು ಕಂದಾಯದ ಲೆಕ್ಕಕ್ಕಾಗಿ. ಆದರೆ ಲೆಕ್ಕಕ್ಕೆಂದು ಬರೆದದ್ದರಲ್ಲಿ ನಮ್ಮ ಮುತ್ತಜ್ಜಂದಿರ ಬದುಕು ಉಳಿದುಕೊಂಡಿತು ಎಂಬುದನ್ನೂ ಒಪ್ಪಬೇಕು.

ಈಗ ಮುಂಬಯಿಯ ಕಡೆಗೆ ಬರೋಣ. ಅಂಧೇರಿಯಿಂದ ವಿರಾರ್ ಲೋಕಲ್ ಹಿಡಿದು ಖಾರಿಯ ಸೇತುವೆ ದಾಟಿದರೆ ಸಿಗುವ ವಸಾಯಿ, ವೆಲ್ಲೆಸ್ಲಿಯ ಎರಡನೆಯ ದೊಡ್ಡ ಒಪ್ಪಂದದ ಸ್ಥಳ. ಅಂಧೇರಿಯೂ ಸೇರಿದ ಸಾಲ್ಸೆಟ್ ದ್ವೀಪ 1782ರ ಸಾಲ್ಬಾಯಿ ಒಪ್ಪಂದದಿಂದಲೇ ಕಂಪೆನಿಗೆ ಖಾಯಂ ಆಗಿತ್ತು. ಖಾರಿಯ ಆಚೆಯದು ಮಾತ್ರ ಮರಾಠರ ನೆಲ. 1802ರ ಅಕ್ಟೋಬರಿನಲ್ಲಿ ಪುಣೆಯ ಬಳಿ ಯಶವಂತರಾವ್ ಹೋಳ್ಕರನಿಂದ ಸೋತ ಎರಡನೆಯ ಬಾಜಿರಾಯ ಕೊಂಕಣದ ದಾರಿಯಾಗಿ ಓಡಿ, ಹಡಗು ಹತ್ತಿ ವಸಾಯಿಗೆ ಬಂದು ಕಂಪೆನಿಯ ಆಶ್ರಯ ಬೇಡಿದ. ಡಿಸೆಂಬರ್ 31ರಂದು ಸಹಿಯಾದ ವಸಾಯಿ ಒಪ್ಪಂದವನ್ನು ಕಂಪೆನಿಯ ಪರವಾಗಿ ಮಾಡಿಕೊಂಡವನು ಬ್ಯಾರಿ ಕ್ಲೋಸ್, ಮೈಸೂರು ಆಯೋಗದಲ್ಲಿದ್ದ ಅದೇ ಕ್ಲೋಸ್. ಸೈನ್ಯದ ಖರ್ಚಿಗೆಂದು ಪೇಶ್ವೆ ಮೊದಲು ಬರೆದುಕೊಟ್ಟ ಪ್ರದೇಶಗಳ ಪಟ್ಟಿಯಲ್ಲಿ ಕನ್ನಡ ನಾಡಿನ ಸವಣೂರು, ಬಂಕಾಪುರಗಳೂ ಇದ್ದವು. ಮರುವರ್ಷ ಅವುಗಳ ಬದಲಿಗೆ ಬುಂದೇಲಖಂಡದ ಭೂಮಿಯನ್ನು ಪಡೆಯಲಾಯಿತು. ಸವಣೂರಿನ ಎಲೆಯ ತೋಟಗಳವರಿಗೆ ತಮ್ಮ ಊರು ಬುಂದೇಲಖಂಡದೊಡನೆ ಅದಲುಬದಲಾದ ವಿಷಯ ತಿಳಿದಿತ್ತೋ ಇಲ್ಲವೋ!

ಪೇಶ್ವೆಯನ್ನು ಮರಳಿ ಪಟ್ಟಕ್ಕೆ ಕೂಡಿಸಲು 1803ರ ಮಾರ್ಚ್‌ನಲ್ಲಿ ಆರ್ಥರ್ ಹೊರಟದ್ದು ಹರಿಹರದಿಂದ. ಅವನ ಸೈನ್ಯದ ಹಿಂದೆ ಮೈಸೂರಿನ ಸಿಲೇದಾರ ಕುದುರೆ ಪಡೆ ಇತ್ತು. ಪೂರ್ಣಯ್ಯನವರು ಕೂಡಿಸಿಕೊಟ್ಟ ಅಕ್ಕಿ, ಮೇವು ಇತ್ತು. ಬೇರೆ ಎತ್ತುಗಳು ಸೋಲುವ ದಾರಿಯಲ್ಲಿ ಫಿರಂಗಿಗಳನ್ನೆಳೆದು ನಡೆಯಬಲ್ಲ ಅಮೃತಮಹಲ್ ಎತ್ತುಗಳಿದ್ದವು. ಸೆಪ್ಟೆಂಬರ್ 23ರಂದು ಅಸ್ಸಾಯೆಯಲ್ಲಿ ಶಿಂಧೆ ಮತ್ತು ಭೋಂಸ್ಲೆಯ ಸೈನ್ಯವನ್ನು ಆರ್ಥರ್ ಗೆದ್ದುದನ್ನು ಯುರೋಪಿನ ಲೇಖಕರು ಇಂದಿಗೂ ಹೊಗಳುತ್ತಾರೆ. ಹಾಸನ, ಚಿತ್ರದುರ್ಗಗಳ ಕಾವಲುಗಳಲ್ಲಿ ಮೇಯ್ದ ಎತ್ತುಗಳ ಹೆಸರು ಅಲ್ಲಿ ಬರುವುದು ಅಪರೂಪ.

ಆರ್ಥರ್ ಮುಂಬಯಿಗೆ 1801ರಲ್ಲಿ ಒಮ್ಮೆ, 1804ರಲ್ಲಿ ಮತ್ತೊಮ್ಮೆ ಬಂದಿದ್ದ. ಮೊದಲ ಸಲ ಈಜಿಪ್ಟಿಗೆ ಹೊರಡುವ ದಂಡಿನೊಡನೆ ಹೋಗಬೇಕಿತ್ತು. ಜ್ವರ, ತುರಿಕೆಗಳಿಂದ ಹಾಸಿಗೆ ಹಿಡಿದು ಇಲ್ಲೇ ಉಳಿದ. ಆತ ಹೋಗಬೇಕಾಗಿದ್ದ ಹಡಗು ಕೆಂಪು ಸಮುದ್ರದಲ್ಲಿ ಎಲ್ಲರೊಡನೆ ಮುಳುಗಿತು. ಈ ಎರಡು ಭೇಟಿಗಳ ನೆನಪಿಗೆ 1865ರಲ್ಲಿ ಕಟ್ಟಿಸಿದ ಕಾರಂಜಿಯೇ ರೀಗಲ್ ಚಿತ್ರಮಂದಿರದ ಎದುರಿನ ವೆಲಿಂಗ್ಟನ್ ಕಾರಂಜಿ. ಜೀರ್ಣೋದ್ಧಾರದ ನಂತರ 2017ರಲ್ಲಿ ಯುನೆಸ್ಕೋ ಗೌರವವನ್ನೂ ಪಡೆಯಿತು. ತಾಡದೇವದ ವಿಲ್ಲಿಂಗ್ಡನ್ ಕ್ಲಬ್ಬಿಗೂ ಈ ವೆಲಿಂಗ್ಟನ್ನಿಗೂ ಸಂಬಂಧವಿಲ್ಲ; ಅದು 1913ರಿಂದ 1918ರವರೆಗೆ ಮುಂಬಯಿಯ ಗವರ್ನರನಾಗಿದ್ದ ಬೇರೊಬ್ಬ ಪ್ರಭುವಿನ ಹೆಸರು. ಅಣ್ಣ ಮಾರ್ಕ್ವಿಸ್‌ನ ಅಮೃತಶಿಲೆಯ ಪ್ರತಿಮೆ ಹಿಂದೆ ಕೋಟೆ ಪ್ರದೇಶದಲ್ಲಿತ್ತು. ಸ್ವಾತಂತ್ರ್ಯಾನಂತರ ಅದನ್ನು ತೆಗೆದು, ಬೈಕುಲಾದ ರಾಣಿಬಾಗಿನ ಬಳಿಯ ಡಾ. ಭಾವು ದಾಜಿ ಲಾಡ್ ವಸ್ತುಸಂಗ್ರಹಾಲಯದ ಆವರಣದಲ್ಲಿ ಇರಿಸಲಾಯಿತು. ಮಕ್ಕಳನ್ನು ಪೆಂಗ್ವಿನ್ ತೋರಿಸಲು ಕರೆದೊಯ್ಯುವವರು ಹತ್ತು ನಿಮಿಷ ಆ ಕಡೆಗೂ ಹೋಗಿ ಬರಬಹುದು.

ಸಾಲು ಸಾಲು ಯುದ್ಧಗಳಿಂದ ಕಂಪೆನಿಯ ಸಾಲ ಹೆಚ್ಚುಕಡಿಮೆ ಇಮ್ಮಡಿಯಾಯಿತು. ಲಾಭಾಂಶ ಬಯಸುವ ಲಂಡನ್ನಿನ ನಿರ್ದೇಶಕರಿಗೆ ಸಾಮ್ರಾಜ್ಯಕ್ಕಿಂತ ಬಾಕಿಯೇ ಕಾಣಿಸಿತು. 1805ರಲ್ಲಿ ವೆಲ್ಲೆಸ್ಲಿಯನ್ನು ಹಿಂದಕ್ಕೆ ಕರೆಸಿಕೊಂಡರು. ತಂದೆಯ ಸಾಲ ತೀರಿಸಿದ ಮಗ, ಒಡೆಯನ ಹೆಸರಿನಲ್ಲಿ ಅದಕ್ಕಿಂತ ಸಾವಿರಾರು ಪಾಲು ದೊಡ್ಡ ಸಾಲ ಮಾಡಿ ಮನೆಗೆ ಹೋದ. ಅಲ್ಲಿ ಸಂಸತ್ತಿನಲ್ಲಿ ಆತನ ಮೇಲೆ ಆಪಾದನೆಗಳು ಬಂದವಾದರೂ ನಿಲ್ಲಲಿಲ್ಲ.

ಸ್ವಂತ ಸಂಸಾರದಲ್ಲಿ ಈತ ಸುಖಿಯಾಗಿರಲಿಲ್ಲ. ಯಾಸಿಂತ್ ರೋಲಾಂ ಎಂಬ ಫ್ರೆಂಚ್ ನಟಿಯೊಡನೆ ಸಂಸಾರ ಹೂಡಿ ಐದು ಮಕ್ಕಳಾದ ಮೇಲೆ, 1794ರಲ್ಲಷ್ಟೇ ಆಕೆಯನ್ನು ವಿಧಿವತ್ತಾಗಿ ಮದುವೆಯಾದ. ಹಾಗಾಗಿ ಮಕ್ಕಳು ಕಾನೂನಿನ ಪ್ರಕಾರ ಬಿರುದಿಗೆ ಹಕ್ಕುದಾರರಾಗಲಿಲ್ಲ, ಕುಲೀನರ ಮನೆಗಳು ಆಕೆಗೆ ಬಾಗಿಲು ತೆರೆಯಲಿಲ್ಲ. ಆಕೆ ಭಾರತಕ್ಕೆ ಬರಲೇ ಇಲ್ಲ. ಫ್ರೆಂಚರ ವಿರುದ್ಧ ಏಳು ವರ್ಷ ಹಗಲಿರುಳು ಯೋಚಿಸಿದ ವ್ಯಕ್ತಿ, ರಾತ್ರಿ ಹೆಂಡತಿಗೆ ಕಾಗದ ಬರೆಯುತ್ತಿದ್ದುದು ಫ್ರೆಂಚ್ ಭಾಷೆಯಲ್ಲಿ. ಮರಳಿದ ಮೇಲೆ ಇಬ್ಬರೂ ಒಂದಾಗಿ ಬಾಳಲಾಗದೆ 1810ರಲ್ಲಿ ಬೇರೆಯಾದರು. 1816ರಲ್ಲಿ ಆಕೆ ತೀರಿಕೊಂಡಳು.

ಈ ದಂಪತಿಯ ಹಿರಿಯ ಮಗಳು ಆ್ಯನ್. ಆಕೆಯ ಎರಡನೆಯ ಗಂಡ ಲಾರ್ಡ್ ಚಾರ್ಲ್ಸ್ ಬೆಂಟಿಂಕ್, ಮುಂದೆ ಭಾರತದ ಗವರ್ನರ್ ಜನರಲ್ ಆದ ಲಾರ್ಡ್ ವಿಲಿಯಂ ಬೆಂಟಿಂಕನ ತಮ್ಮ. ನಗರ ಪ್ರಾಂತದ ರೈತರ ದಂಗೆಯ ನಂತರ, 1831ರಲ್ಲಿ ಮುಮ್ಮಡಿ ಕೃಷ್ಣರಾಜ ಒಡೆಯರಿಂದ ಮೈಸೂರಿನ ಆಡಳಿತವನ್ನು ಕಿತ್ತುಕೊಂಡವನು ಈ ವಿಲಿಯಂ ಬೆಂಟಿಂಕ್. ಆತ ಆಧಾರವಾಗಿ ಹಿಡಿದದ್ದು 1799ರ ಒಪ್ಪಂದದ ಆ ಕಲಮನ್ನೇ. ಮಾವ ಕೊಟ್ಟ ಪಟ್ಟವನ್ನು ಅಳಿಯನ ಅಣ್ಣ ಹಿಂತೆಗೆದುಕೊಂಡನೆಂದರೆ ನ್ಯಾಯಶಾಸ್ತ್ರಕ್ಕೆ ಸಮ್ಮತವಾಗದಿರಬಹುದು, ನಡೆದದ್ದಂತೂ ಹಾಗೆ. ಐದು ವರ್ಷಕ್ಕೆ ಸಿಂಹಾಸನವೇರಿದ ಆ ದೊರೆ ಮೂವತ್ತೇಳನೆಯ ವಯಸ್ಸಿಗೆ ಅಧಿಕಾರ ಕಳೆದುಕೊಂಡು, ಅದನ್ನು ಮರಳಿ ಪಡೆಯಲು ಬೇಡಿಕೆಗಳನ್ನು ಸಲ್ಲಿಸುತ್ತಲೇ 1868ರಲ್ಲಿ ತೀರಿಕೊಂಡರು. ಸಂಸ್ಥಾನ ಒಡೆಯರಿಗೆ ಮರಳಿದ್ದು 1881ರಲ್ಲಿ, ಅವರ ದತ್ತುಪುತ್ರ ಚಾಮರಾಜೇಂದ್ರರಿಗೆ.

ಆ್ಯನ್ ಮತ್ತು ಚಾರ್ಲ್ಸ್ ಬೆಂಟಿಂಕರ ಮೊಮ್ಮಗಳು ಸಿಸಿಲಿಯಾ. ಸಿಸಿಲಿಯಾಳ ಮಗಳು, ಆರನೆಯ ಜಾರ್ಜ್ ದೊರೆಯ ಪತ್ನಿ ರಾಣಿ ಎಲಿಜಬೆತ್. ಹೀಗಾಗಿ ಎರಡನೆಯ ಎಲಿಜಬೆತ್ ರಾಣಿಯೂ 2022ರಲ್ಲಿ ಪಟ್ಟವೇರಿದ ಮೂರನೆಯ ಚಾರ್ಲ್ಸ್ ದೊರೆಯೂ ರಿಚರ್ಡ್ ವೆಲ್ಲೆಸ್ಲಿಯ ನೇರ ಸಂತತಿ. ಲಂಡನ್ನಿನ ಕುಲೀನರು ಮನೆಗೆ ಸೇರಿಸದ ಫ್ರೆಂಚ್ ನಟಿಯ ರಕ್ತ ಸಿಂಹಾಸನವನ್ನೇ ತಲುಪಿತು.

ಭಾರತದ ನಂತರದ ರಾಜಕೀಯ ಜೀವನವನ್ನು ಚುಟುಕಾಗಿ ಹೇಳಬಹುದು. 1809ರಲ್ಲಿ ಸ್ಪೇನಿಗೆ ರಾಯಭಾರಿ, ಆ ವರ್ಷಾಂತ್ಯದಿಂದ 1812ರವರೆಗೆ ವಿದೇಶ ಮಂತ್ರಿ, ಆ ವರ್ಷ ಪ್ರಧಾನಿಯಾಗುವ ಯತ್ನದಲ್ಲಿ ವಿಫಲ. 1821ರಲ್ಲಿ ಐರ್ಲೆಂಡಿನ ರಾಜಪ್ರತಿನಿಧಿಯಾಗಿ ಹುಟ್ಟೂರಿಗೆ ಮರಳಿದ. ಕ್ಯಾಥೊಲಿಕರಿಗೆ ರಾಜಕೀಯ ಹಕ್ಕುಗಳು ಸಿಗಬೇಕೆಂಬ ಆತನ ನಿಲುವಿಗೆ ರೇಗಿದ ಕಟ್ಟಾ ಪ್ರಾಟೆಸ್ಟೆಂಟರು 1822ರಲ್ಲಿ ಡಬ್ಲಿನ್ನಿನ ನಾಟಕಶಾಲೆಯಲ್ಲಿ ಆತನತ್ತ ಬಾಟಲಿ ಎಸೆದರು. 1825ರಲ್ಲಿ ಮೇರಿಯಾನ್ ಪ್ಯಾಟರ್ಸನ್ ಎಂಬ ಅಮೆರಿಕದ ಕ್ಯಾಥೊಲಿಕ್ ವಿಧವೆಯನ್ನು ಮದುವೆಯಾದ. ಆಕೆಯ ಅಜ್ಜ ಅಮೆರಿಕದ ಸ್ವಾತಂತ್ರ್ಯ ಘೋಷಣೆಗೆ ಸಹಿ ಹಾಕಿದವರಲ್ಲಿ ಒಬ್ಬ. 1828ರಲ್ಲಿ ತಮ್ಮ ಆರ್ಥರ್ ಪ್ರಧಾನಿಯಾದಾಗ ಇದೇ ಕ್ಯಾಥೊಲಿಕ್ ಪ್ರಶ್ನೆಯಲ್ಲಿ ಭಿನ್ನಾಭಿಪ್ರಾಯವಿದ್ದುದರಿಂದ ಅಣ್ಣ ರಾಜೀನಾಮೆಯಿತ್ತ. ಮರುವರ್ಷ ಅದೇ ಆರ್ಥರ್ ಆ ಮಸೂದೆಯನ್ನು ತಾನೇ ಅಂಗೀಕಾರ ಮಾಡಿಸಿದ. 1842ರ ಸೆಪ್ಟೆಂಬರ್ 26ರಂದು ಲಂಡನ್ನಿನಲ್ಲಿ ತೀರಿಕೊಂಡ ರಿಚರ್ಡ್‌ನನ್ನು ತಾನು ಓದಿದ ಈಟನ್ ಶಾಲೆಯ ದೇಗುಲದಲ್ಲಿ ಮಣ್ಣುಮಾಡಿದರು. ಹಕ್ಕುದಾರ ಮಗನಿಲ್ಲದೆ ಮಾರ್ಕ್ವಿಸ್ ಬಿರುದು ಅವನೊಡನೆಯೇ ಮುಗಿಯಿತು.

ಕೆನರಾ ಜಿಲ್ಲೆಯನ್ನು ಆಮೇಲೆ ಉತ್ತರ, ದಕ್ಷಿಣ ಎಂದು ಒಡೆದು, 1862ರಲ್ಲಿ ಉತ್ತರ ಭಾಗವನ್ನು ಮುಂಬಯಿ ಇಲಾಖೆಗೆ ಸೇರಿಸಲಾಯಿತು. 1956ರ ನವೆಂಬರ್ 1ರಂದು ಎರಡು ಕೆನರಾಗಳು, ಕೊಳ್ಳೇಗಾಲ, ಮೈಸೂರು ಮತ್ತೆ ಒಂದೇ ರಾಜ್ಯಕ್ಕೆ ಬಂದವು. ಬಳ್ಳಾರಿಯ ಕನ್ನಡ ತಾಲ್ಲೂಕುಗಳು ಮೂರು ವರ್ಷ ಮೊದಲೇ ಮೈಸೂರನ್ನು ಸೇರಿದ್ದವು. 1799ರಲ್ಲಿ ಕೆನರಾದ ಭಾಗವಾಗಿ ಕಂಪೆನಿಗೆ ಹೋಗಿದ್ದ ಕಾಸರಗೋಡು ಮಾತ್ರ ಮರಳಲಿಲ್ಲ, ಕೇರಳಕ್ಕೆ ಸೇರಿತು. ಶ್ರೀರಂಗಪಟ್ಟಣದಲ್ಲಿ ಕಾವೇರಿಗೆ ಅಡ್ಡಲಾಗಿ ಪೂರ್ಣಯ್ಯನವರು ಕಲ್ಲಿನ ಕಂಬಗಳ ಮೇಲೆ ಕಟ್ಟಿಸಿ 1804ರಲ್ಲಿ ಮುಗಿಸಿದ ಸೇತುವೆಗೆ ಬಾಲಕ ದೊರೆಯ ಹೆಸರಿನಲ್ಲಿ ಗವರ್ನರ್ ಜನರಲ್‌ನ ಹೆಸರನ್ನಿಡಲಾಯಿತು. ವೆಲ್ಲೆಸ್ಲಿ ಸೇತುವೆಯೆಂದೇ ಅದನ್ನು ಈಗಲೂ ಕರೆಯುತ್ತಾರೆ.